ಸ್ಟೇ ಬಂತಾ? ಹೈಕೋರ್ಟಿಗೆ ಓಡುವ ಮುಂಚೆ ಇದನ್ನು ಓದಿ

ಕಾಂಪೌಂಡ್ ಗೋಡೆ ಅರ್ಧ ಎದ್ದಿದೆ. ಪಕ್ಕದ ಸೈಟಿನವರು ಬಂದು ಕೋರ್ಟಿನ ಆದೇಶ ತೋರಿಸುತ್ತಾರೆ: ಮುಂದಿನ ದಿನಾಂಕದವರೆಗೆ ಕಟ್ಟುವಂತಿಲ್ಲ. ನಿಮ್ಮ ಮಾತನ್ನು ಯಾರೂ ಕೇಳಿಯೇ ಇಲ್ಲ. 'ಹೈಕೋರ್ಟಿಗೇ ಹೋಗೋಣ' ಅನ್ನಿಸುವುದು ಸಹಜ. ಸ್ವಲ್ಪ ತಡೀರಿ.

ಮೊದಲು ಮೇಸ್ತ್ರಿಗೆ ಫೋನ್ ಮಾಡಿ ಕೆಲಸ ನಿಲ್ಲಿಸಿ. ಆದೇಶ ತಪ್ಪು ಅನ್ನಿಸಿದರೂ ನಿಲ್ಲಿಸಿ. ಮೀರಿದರೆ ಆಸ್ತಿ ಜಪ್ತಿಯಾಗಬಹುದು, 3 ತಿಂಗಳವರೆಗೆ ಸಿವಿಲ್ ಜೈಲೂ ಆಗಬಹುದು.

ಆಮೇಲೆ ಕೇಸಿನ ಕಾಗದಗಳನ್ನು ತರಿಸಿಕೊಳ್ಳಿ. ನಿಮಗೆ ನೋಟಿಸ್ ಕೊಡದೆ ಸ್ಟೇ ಕೊಟ್ಟಿದ್ದರೆ, ಯಾಕೆ ಅಂತ ನ್ಯಾಯಾಧೀಶರು ಕಾರಣ ಬರೆದಿರಬೇಕು. ವಾದಿ, ಅಂದರೆ ಕೇಸು ಹಾಕಿದವರು, ದಾವೆ, ಅರ್ಜಿ, ಅಫಿಡವಿಟ್‌ಗಳ ಪ್ರತಿಯನ್ನು ತಕ್ಷಣ ನಿಮಗೆ ತಲುಪಿಸಬೇಕು ಅಥವಾ ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಬೇಕು. ಹಾಗೆ ಮಾಡಿದ್ದೇನೆಂದು ಅದೇ ದಿನ ಇಲ್ಲವೇ ಮರುದಿನ ಕೋರ್ಟಿಗೆ ಅಫಿಡವಿಟ್ ಕೊಡಬೇಕು. ಅಂಚೆ ಲಕೋಟೆಯ ಮೇಲಿನ ತಾರೀಖು ನೋಡಿ. ಲಕೋಟೆ ಎಸೆಯಬೇಡಿ.

ಈಗ ಅದೇ ಕೋರ್ಟಿಗೆ ತಕರಾರು ಹಾಕಿ, ಜೊತೆಗೆ ಸ್ಟೇ ತೆರವಿಗೆ ಅರ್ಜಿ. ಇದು ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) 39ನೇ ಆದೇಶದ, ಅಂದರೆ 39ನೇ ಭಾಗದ, 4ನೇ ನಿಯಮ. ಹಳೇ ಸರ್ವೆ ಸ್ಕೆಚ್ ಇದ್ದೂ ಇಲ್ಲವೆಂದು ವಾದಿ ಬೇಕಂತಲೇ ಸುಳ್ಳು ಹೇಳಿದ್ದರೆ ಸ್ಟೇ ತೆಗೆಯಲೇಬೇಕು, ತೆಗೆಯದಿದ್ದರೆ ಕಾರಣ ಬರೆಯಬೇಕು. ಇಂಥ ಸ್ಟೇ ಅರ್ಜಿಯನ್ನು 30 ದಿನದಲ್ಲಿ ಮುಗಿಸಲು ಕೋರ್ಟು ಯತ್ನಿಸಬೇಕೆಂದೂ ನಿಯಮವಿದೆ. ಅದು ಪಾಲನೆಯಾಗದಿದ್ದರೆ ಅಪೀಲಿಗೆ ಹೋಗಬಹುದೆಂದು ವೆಂಕಟಸುಬ್ಬಯ್ಯ ನಾಯ್ಡು ಪ್ರಕರಣದಲ್ಲಿ 2000ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಅಪೀಲು ಜಿಲ್ಲಾ ಕೋರ್ಟಿಗೋ ಹೈಕೋರ್ಟಿಗೋ ಎಂಬುದು ಯಾವ ಕೋರ್ಟು ಆದೇಶ ಕೊಟ್ಟಿತು, ದಾವೆಯ ಬೆಲೆ ಎಷ್ಟು ಎಂಬುದರ ಮೇಲಿದೆ. ಅದನ್ನು ವಕೀಲರಿಗೆ ಬಿಡಿ. ಜನ ಎಡವುವುದು ಬೇರೆ ಕಡೆ. ಅಪೀಲು ಅಂದರೆ ಸ್ಟೇ ಅರ್ಜಿಯನ್ನು ಮೊದಲಿಂದ ವಿಚಾರಿಸುತ್ತಾರೆ ಅಂದುಕೊಳ್ಳುತ್ತಾರೆ. ಇಲ್ಲ. ಒಂದು ಔಷಧಿಯ ಹೆಸರಿಗಾಗಿ ನಡೆದ ವಾಂಡರ್ ಪ್ರಕರಣದಲ್ಲಿ 1990ರಲ್ಲೇ ಸುಪ್ರೀಂ ಕೋರ್ಟ್ ಗೆರೆ ಎಳೆದಿದೆ: ಕೆಳ ಕೋರ್ಟು ಮನಸ್ಸಿಗೆ ಬಂದಂತೆ ನಡೆದಿದ್ದರೆ, ಇಲ್ಲವೇ ಸ್ಟೇ ಕುರಿತ ತತ್ವಗಳನ್ನೇ ಮರೆತಿದ್ದರೆ ಮಾತ್ರ ಕೈಹಾಕಬೇಕು.

ಎರಡು ಸ್ಕೆಚ್ ಇವೆ ಅಂತಿಟ್ಟುಕೊಳ್ಳಿ. ನ್ಯಾಯಾಧೀಶರು ಎರಡನ್ನೂ ನೋಡಿ, ಕಾರಣ ಕೊಟ್ಟು, ವಾದಿಯದ್ದನ್ನು ನಂಬಿದರು. ಮೇಲಿನ ಕೋರ್ಟಿಗೆ ನಿಮ್ಮದೇ ಸರಿ ಅನ್ನಿಸಿದರೂ ಅಷ್ಟಕ್ಕೇ ಆದೇಶ ಬದಲಿಸುವುದಿಲ್ಲ. ಆದರೆ ನಿಮ್ಮ ಸ್ಕೆಚ್ ಬಗ್ಗೆ ಒಂದು ಸಾಲೂ ಬರೆದಿಲ್ಲ, ಸ್ಟೇಯಿಂದ ಯಾರಿಗೆ ಜಾಸ್ತಿ ತೊಂದರೆ ಅಂತ ಚರ್ಚಿಸಿಯೇ ಇಲ್ಲ ಅಂದರೆ ಅಪೀಲಿಗೆ ಜೀವವಿದೆ. ಹಾಗಾಗಿ ಆ ಸ್ಕೆಚ್ ಕೆಳ ಕೋರ್ಟಿನ ಕಡತದಲ್ಲೇ ಇರಬೇಕು, ಅಲ್ವಾ? 'ಮೇಲೆ ಹೋದಾಗ ತೋರಿಸೋಣ' ಅಂತ ಇಟ್ಟುಕೊಂಡು ಸೋತವರು ಬಹಳ.

ಜಿಲ್ಲಾ ಕೋರ್ಟಿನ ಅಪೀಲಲ್ಲೂ ಸೋತರೆ? ಎರಡನೇ ಅಪೀಲಿಲ್ಲ, ಸಿಪಿಸಿಯ ಕಲಂ 104(2) ಅಡ್ಡ ಬರುತ್ತದೆ. ಇಂಥ ಆದೇಶಗಳಿಗೆ ರಿವಿಷನ್ (ಹೈಕೋರ್ಟಿನ ಮರುಪರಿಶೀಲನೆ) ಬಾಗಿಲೂ 2002ರಲ್ಲಿ ಜಾರಿಗೆ ಬಂದ ತಿದ್ದುಪಡಿಯಿಂದ ಹೆಚ್ಚುಕಡಿಮೆ ಮುಚ್ಚಿದೆ. ಉಳಿಯುವುದು ಸಂವಿಧಾನದ 227ನೇ ವಿಧಿ, ಅಂದರೆ ಕೆಳ ಕೋರ್ಟುಗಳ ಮೇಲೆ ಹೈಕೋರ್ಟಿನ ಉಸ್ತುವಾರಿ ಅಧಿಕಾರ. ಅಲ್ಲಿ ಹೈಕೋರ್ಟು ಕೆಳಗಿನವರು ತಮ್ಮ ಮಿತಿಯೊಳಗಿದ್ದರಾ ಅಂತ ನೋಡುತ್ತದೆ. ಸ್ಕೆಚ್ ಬಿಡಿಸಿಕೊಂಡು ಅಳೆಯಲು ಕೂರುವುದಿಲ್ಲ.

ಅಪೀಲಿಗೆ ಗಡುವು ಜಿಲ್ಲಾ ಕೋರ್ಟಿಗಾದರೆ 30 ದಿನ, ಹೈಕೋರ್ಟಿಗಾದರೆ 90. ಆದೇಶ ಬಂದ ದಿನವೇ ಅದರ ಸರ್ಟಿಫೈಡ್ ಕಾಪಿಗೆ (ಕೋರ್ಟೇ ದೃಢೀಕರಿಸಿದ ಪ್ರತಿಗೆ) ಅರ್ಜಿ ಹಾಕಿ. ಕಾಪಿ ತಯಾರಾಗಲು ಹಿಡಿದ ದಿನಗಳನ್ನು ಗಡುವಿನ ಲೆಕ್ಕಕ್ಕೆ ಹಿಡಿಯುವುದಿಲ್ಲ. ನೀವು ಅರ್ಜಿ ಹಾಕದೆ ಸುಮ್ನೆ ಕೂತ ದಿನಗಳನ್ನು ಮಾತ್ರ ಲೆಕ್ಕಕ್ಕೆ ಹಿಡಿಯುತ್ತಾರೆ.