ಹೊಳೆಯುವ ಪಿನ್ನಿಗೆ ಕರಿ ಟೇಪು ಸುತ್ತಿದೆ

ಕೊಪ್ಪಳ ಸೀಮೆಯ ಏಪ್ರಿಲ್ ಬಿಸಿಲು ಎಂಥದೆಂದು ಇಲ್ಲಿಯವರಿಗೆ ಹೇಳಬೇಕಿಲ್ಲ. ಬೆಳಿಗ್ಗೆ ಒಂಬತ್ತಕ್ಕೇ ನೆಲ ಕಾದಿರುತ್ತದೆ. ಅಂಥ ಒಂದು ಬೆಳಿಗ್ಗೆ ಮುನಿರಾಬಾದ್ ಹತ್ತಿರದ ನಮ್ಮ ಮಾವನವರ ಹೊಲದಲ್ಲಿ ರಿಕರ್ವ್ ಬಿಲ್ಲು (ತುದಿಗಳು ಮುಂದಕ್ಕೆ ಬಾಗಿದ ಬಿಲ್ಲು) ಎಳೆದು ನಿಂತಿದ್ದೆ. 70 ಮೀಟರ್ ಆಚೆ, ಭತ್ತದ ಹುಲ್ಲನ್ನು ಬಿಗಿದು ಕಟ್ಟಿದ ಬಟ್ಟಿನ ಮೇಲೆ ಟಾರ್ಗೆಟ್ ಇತ್ತು. ಆದರೆ ಅದರ ನಡುವಿನ ಹಳದಿ ನನಗೆ ಕಾಣಲೇ ಇಲ್ಲ. ಕಣ್ಣಿನ ಮುಂದೆ ಹಸಿರು ಕೆಂಡದಂಥ ಒಂದು ಗುಂಡು, ಅದರ ಸುತ್ತ ಮುಳ್ಳುಮುಳ್ಳಾಗಿ ಚಾಚಿದ ಬೆಳಕು. ಅದು ಹಿಂದಿನ ವಾರ ತರಿಸಿದ ನನ್ನ ಹೊಸ ಫೈಬರ್ ಪಿನ್, ಗುರಿ ಹಿಡಿಯಲು ಬಿಲ್ಲಿನ ಮೇಲೆ ಕೂರಿಸುವ ಹೊಳೆಯುವ ಚುಕ್ಕೆ.

ಆ ಪಿನ್ ಕೊಳ್ಳಲು ಕಾರಣ ನನ್ನ ಕಣ್ಣು. ನಲವತ್ತು ದಾಟಿದ ಮೇಲೆ ಹತ್ತಿರದ್ದು ಮಸುಕಾಗತೊಡಗಿತು. ಸೈಟು ಅಂದರೆ ಗುರಿ ಹಿಡಿಯಲು ಬಿಲ್ಲಿಗೆ ಜೋಡಿಸುವ ಸಾಧನ; ಅದರ ರಿಂಗಿನ ನಡುವೆ ಇದ್ದ ಸಣ್ಣ ಕರಿ ಪಿನ್ ಟಾರ್ಗೆಟ್ಟಿನ ಕಪ್ಪು ಮತ್ತು ನೀಲಿ ಉಂಗುರಗಳ ಮೇಲೆ ಹಾಯುವಾಗ ಕಳೆದೇಹೋಗುತ್ತಿತ್ತು. ದಪ್ಪಗಿದ್ದು ಜಾಸ್ತಿ ಹೊಳೆದರೆ ಸರಿಹೋಗುತ್ತದೆ ಎಂದುಕೊಂಡು .029 ಇಂಚಿನ ಹಸಿರು ಫೈಬರ್ ಇರುವ ಪಿನ್ ತರಿಸಿದೆ. ಫೈಬರ್ ಸಾಮಾನ್ಯವಾಗಿ .010, .019, .029 ಇಂಚು ದಪ್ಪದಲ್ಲಿ ಸಿಗುತ್ತದೆ. ಮೂರರಲ್ಲಿ ದಪ್ಪನೆಯದೇ ನನಗೆ ಬೇಕು ಅನ್ನಿಸಿತ್ತು.

ನಾನು ಹೈಸ್ಕೂಲಿನಲ್ಲಿ ಗಣಿತ ಕಲಿಸುವವನು. ಅಂದು ಸಂಜೆ ಹತ್ತನೇ ತರಗತಿಯ ಸಮರೂಪ ತ್ರಿಭುಜದ ಲೆಕ್ಕವನ್ನೇ ಹಿಡಿದು ಕೂತೆ. ಬಿಲ್ಲು ಪೂರ್ತಿ ಎಳೆದಾಗ ನನ್ನ ಕಣ್ಣಿನಿಂದ ಪಿನ್ನಿಗೆ ಸುಮಾರು 90 ಸೆಂ.ಮೀ. ಟಾರ್ಗೆಟ್ಟಿಗೆ 70 ಮೀಟರ್. ಹಾಗಾದರೆ ಪಿನ್ನು ತನ್ನ ದಪ್ಪದ 78 ಪಟ್ಟು ಜಾಗವನ್ನು ಅಲ್ಲಿ ಮುಚ್ಚಬೇಕು. .029 ಇಂಚು ಅಂದರೆ 0.74 ಮಿ.ಮೀ.; ಅದು ಮುಚ್ಚುವುದು 5.7 ಸೆಂ.ಮೀ. .019 ಇಂಚಿನದು 3.8 ಸೆಂ.ಮೀ., .010ರದು ಬರೀ 2 ಸೆಂ.ಮೀ. ಈ ದೂರಕ್ಕೆ ಬಳಸುವ 122 ಸೆಂ.ಮೀ. ಟಾರ್ಗೆಟ್ ಹಾಳೆಯಲ್ಲಿ ಹತ್ತು ಅಂಕದ ಉಂಗುರವೇ 12.2 ಸೆಂ.ಮೀ. ಅಗಲ, ಹಳದಿಯಿಡೀ 24.4. ದಪ್ಪ ಪಿನ್ನಿಗೂ ಹತ್ತರ ಅರ್ಧ ಅಗಲವನ್ನು ಮುಚ್ಚಲು ಆಗುವುದಿಲ್ಲ. ಮತ್ತೆ ಹಳದಿಯೆಲ್ಲ ಎಲ್ಲಿ ಹೋಯಿತು?

ಉತ್ತರ ಸಿಕ್ಕಿದ್ದು ಪಕ್ಕದ ಹೊಲದ ಅಜ್ಜನಿಗೆ ಪಿನ್ ತೋರಿಸುವಾಗ.

‘ಮಾಸ್ತರ, ಬಿಲ್ಲಿಗೂ ಲೈಟ್ ಹಾಕ್ಸೀರೇನ್ರಿ? ಬ್ಯಾಟ್ರಿ ಎಲ್ಲೈತಿ ಇದ್ರಾಗ?’

‘ಬ್ಯಾಟ್ರಿ ಇಲ್ಲಜ್ಜ, ಬಿಸಿಲೇ ಇದರ ಬ್ಯಾಟ್ರಿ’ ಅಂದೆ. ಫೈಬರನ್ನು ಅವರ ಅಂಗೈ ಮುಚ್ಚಿ ಹಿಡಿಯಿತು. ತುದಿಯ ಬೆಳಕು ಕುಗ್ಗಿತು. ಅಂಗೈ ತೆಗೆದರು, ಮತ್ತೆ ಉರಿಯಿತು. ಅವರು ನಾಲ್ಕೈದು ಸಲ ಮುಚ್ಚಿ ತೆಗೆದು ನೋಡಿದರು. ನಾನೂ ನೋಡುತ್ತಾ ನಿಂತೆ.

ಈ ಪ್ಲಾಸ್ಟಿಕ್ ಎಳೆಯೊಳಗೆ ಬೆಳಕನ್ನು ಹೀರಿ ತನ್ನದೇ ಬಣ್ಣದಲ್ಲಿ ಮರಳಿ ಬಿಡುವ ಫ್ಲೋರೊಸೆಂಟ್ ಬಣ್ಣ ಬೆರೆಸಿರುತ್ತಾರೆ. ಎಳೆಯ ಮೈಯುದ್ದಕ್ಕೂ ಬಿದ್ದ ಬಿಸಿಲು ಒಳಗೇ ಸಿಕ್ಕಿಬಿದ್ದು, ಗೋಡೆಯಿಂದ ಗೋಡೆಗೆ ಪುಟಿಯುತ್ತಾ ತುದಿಗೆ ಬಂದು ಹೊರಬೀಳುತ್ತದೆ. ಮೈ ಎಷ್ಟು ತೆರೆದಿದ್ದರೆ ತುದಿ ಅಷ್ಟು ಪ್ರಖರ. ನನ್ನ ಪಿನ್ನಿನಲ್ಲಿ ಗೇಣುದ್ದದ ಫೈಬರ್ ಸುರುಳಿ ಸುತ್ತಿ ಬಿಸಿಲಿಗೆ ಒಡ್ಡಿಕೊಂಡಿತ್ತು. ಮೋಡ ಮುಸುಕಿದ ಊರಿಗೆ ಅಷ್ಟು ಬೇಕೇನೋ, ನಮ್ಮ ಬಯಲಿಗೆ ಅದು ವಿಪರೀತ. ಅದೂ ಅಲ್ಲದೆ ಗುರಿ ಇಡುವಾಗ ಕಣ್ಣಿನ ಫೋಕಸ್ 70 ಮೀಟರ್ ಆಚೆ ಇರುತ್ತದೆ, ಇರಲೇಬೇಕು. ಆಗ 90 ಸೆಂ.ಮೀ. ದೂರದ ಪಿನ್ ಮಸುಕಾಗಿ ಹರಡಿಕೊಳ್ಳುತ್ತದೆ. ಮಂದ ಪಿನ್ನಿನ ಮಸುಕು ಕಣ್ಣಿಗೆ ಬಾಧಿಸುವುದಿಲ್ಲ. ಉರಿಯುವ ಪಿನ್ನಿನ ಮಸುಕು ಹಳದಿಯನ್ನೆಲ್ಲ ತಿಂದುಬಿಡುತ್ತದೆ. ನನ್ನ ಮಟ್ಟಿಗೆ ಫೈಬರ್ ಪಿನ್ನಿನ ಮುಖ್ಯ ಪಾಠ ಇದೇ: ದಪ್ಪಕ್ಕಿಂತ ಮೊದಲು ಬೆಳಕನ್ನು ಹದಕ್ಕೆ ತರಬೇಕು, ಅದನ್ನೂ ನಾವು ನಿಂತು ಹೊಡೆಯುವ ಜಾಗದ ಬಿಸಿಲಲ್ಲೇ ತರಬೇಕು.

ಹಾಗಾಗಿ ಎಳೆಯ ಮೈ ಮುಚ್ಚಲು ಎಲೆಕ್ಟ್ರಿಕ್ ಅಂಗಡಿಯಿಂದ ಕರಿ ಇನ್ಸುಲೇಷನ್ ಟೇಪು ತಂದೆ. ದಪ್ಪವನ್ನೂ .019ಕ್ಕೆ ಇಳಿಸಿದೆ, ಬಿಡಿ ಫೈಬರ್ ತರಿಸಿ ನಾನೇ ಹಾಕಿಕೊಂಡೆ. ಈ ಕೆಲಸವನ್ನು ತುಸು ವಿವರವಾಗಿ ಹೇಳಬೇಕು, ಯಾಕೆಂದರೆ ಮೊದಲ ಸಲ ಕೆಡಿಸಿದ್ದೇನೆ.

ಎಳೆ ತೂತಿನಲ್ಲಿ ಜಾರದಿರಲಿ ಎಂದು ಒಂದು ಹನಿ ಸೂಪರ್ ಗ್ಲೂ ಬಿಟ್ಟಿದ್ದೆ. ಬೆಳಗಾಗುವಷ್ಟರಲ್ಲಿ ಗೋಂದು ತಾಗಿದ ಕಡೆ ಫೈಬರ್ ಬೂದಿ ಬಳಿದಂತೆ ಬೆಳ್ಳಗಾಗಿತ್ತು; ಸ್ವಲ್ಪ ಬಾಗಿಸಿದ್ದೇ ಟಕ್ಕನೆ ಮುರಿಯಿತು. ಗೋಂದು ಬೇಕಾಗಿಯೇ ಇರಲಿಲ್ಲ. ಈಗ ಹೀಗೆ ಮಾಡುತ್ತೇನೆ: ಹೊಸ ಬ್ಲೇಡಿನಿಂದ ಎಳೆಯನ್ನು ನೇರವಾಗಿ ಕತ್ತರಿಸಿ, ಪಿನ್ನಿನ ತೂತಿನೊಳಗೆ ತೂರಿಸಿ, ಕಣ್ಣಿನ ಕಡೆಗೆ ಎರಡು ಮಿ.ಮೀ. ಹೊರಗೆ ಬಿಡುತ್ತೇನೆ. ಲೈಟರಿನ ಜ್ವಾಲೆ ಬೇಡ, ಅದು ತುದಿಯನ್ನು ಕರಿ ಮಾಡುತ್ತದೆ. ಊದುಬತ್ತಿಯ ಕೆಂಡ ಸಾಕು. ಮುಟ್ಟಿಸದೆ ಕೂದಲೆಳೆ ದೂರದಲ್ಲಿ ಹಿಡಿದರೆ ತುದಿ ಮೆಲ್ಲಗೆ ಕರಗಿ ಅಣಬೆಯ ಟೋಪಿಯ ಹಾಗೆ ಉಬ್ಬುತ್ತದೆ. ಉಬ್ಬಿದ ಕೂಡಲೇ ಕೆಂಡ ತೆಗೆದು, ಹಿಂದಿನಿಂದ ಎಳೆಯನ್ನು ಜಗ್ಗಿದರೆ ಟೋಪಿ ತೂತಿನ ಬಾಯಿಗೆ ಕೂತುಕೊಳ್ಳುತ್ತದೆ. ಇನ್ನೊಂದು ತುದಿಗೂ ಹಾಗೇ ಮಾಡಿದರೆ ಎಳೆ ಎಲ್ಲಿಗೂ ಹೋಗುವುದಿಲ್ಲ. ಬಿಸಿ ತುಸು ಹೆಚ್ಚಾದರೆ ಟೋಪಿ ಪಕ್ಕಕ್ಕೆ ವಾಲುತ್ತದೆ, ಚುಕ್ಕೆ ದುಂಡಗೆ ಕಾಣುವುದಿಲ್ಲ. ಆಗ ಕತ್ತರಿಸಿ ಮತ್ತೆ ಮಾಡಬೇಕು. ಅದಕ್ಕೇ ಎಳೆಯನ್ನು ಯಾವಾಗಲೂ ನಾಲ್ಕು ಬೆರಳು ಹೆಚ್ಚು ಉದ್ದವಾಗಿಯೇ ಇಟ್ಟುಕೊಳ್ಳಿ.

ಟೇಪಿನ ಅಳತೆ ಪೂರ್ತಿ ಕಣ್ಣಿನ ಮಾತು. ಬಾಣ ಹೂಡಿ, ಬಟ್ಟಿನ ಕಡೆಗೇ ಗುರಿಯಿಟ್ಟು ಎಳೆದು, ಹಳದಿಯನ್ನು ನೋಡಿ, ಬಿಡದೆ ಇಳಿಸುತ್ತೇನೆ. ಬಾಣವಿಲ್ಲದೆ ಎಳೆಯಬೇಡಿ, ಬೆರಳು ಜಾರಿದರೆ ಬಿಲ್ಲಿನ ಲಿಂಬುಗಳೇ (ಬಾಗುವ ತೋಳುಗಳೇ) ಹೋದಾವು. ಹಳದಿ ನೋಡುತ್ತಿರುವಾಗ ನೋಟ ತಾನಾಗಿ ಪಿನ್ನಿಗೆ ಎಳೆಯಲ್ಪಟ್ಟರೆ ಬೆಳಕು ಹೆಚ್ಚು, ಟೇಪು ಇನ್ನೊಂದು ಸುತ್ತು. ಪಿನ್ನನ್ನು ಹುಡುಕಬೇಕಾದರೆ ಕಡಿಮೆ, ಒಂದು ಸುತ್ತು ಬಿಚ್ಚು. ನಮ್ಮ ಬೇಸಿಗೆಯ ನಡುಹಗಲಿಗೆ ನನಗೆ ಎರಡು ಸೆಂ.ಮೀ. ಎಳೆ ತೆರೆದಿದ್ದರೆ ಸಾಕೇ ಸಾಕು. ಉಳಿದದ್ದೆಲ್ಲ ಟೇಪಿನ ಕೆಳಗೆ.

ಪಿನ್ನಿನ ಬೆಳಕು ತಣ್ಣಗಾದ ಮೇಲೆ ಇನ್ನೊಂದು ಸಂಗತಿ ಬಯಲಾಯಿತು. ಗಾಲಿಗಳಿರುವ ಕಾಂಪೌಂಡ್ ಬಿಲ್ಲಿನ ಹಾಗೆ ರಿಕರ್ವಿನಲ್ಲಿ ಪೀಪ್ ಇಲ್ಲ, ಅಂದರೆ ಹೆದೆಯಲ್ಲಿ ಕೂರಿಸಿ ಇಣುಕುವ ತೂತು ಇಲ್ಲ. ಕಣ್ಣಿನ ಮುಂದೆ ಮಸುಕಾಗಿ ಕಾಣುವ ಹೆದೆಯೇ ನಮ್ಮ ಹಿಂದಿನ ಸೈಟು. ಅದನ್ನು ರಿಂಗಿನ ಒಂದು ಅಂಚಿಗೆ ಪ್ರತಿಸಲವೂ ಒಂದೇ ಕಡೆ ಇಟ್ಟುಕೊಳ್ಳಬೇಕು. ಪಿನ್ ಉರಿಯುತ್ತಿದ್ದ ಆ ವಾರ ನಾನು ಹೆದೆಯನ್ನು ನೋಡುವುದನ್ನೇ ಬಿಟ್ಟಿದ್ದೆ, ನನಗೆ ಗೊತ್ತೇ ಆಗದಂತೆ. ಬಾಣಗಳು ಎತ್ತರದಲ್ಲಿ ಸರಿಯಿದ್ದು ಎಡಕ್ಕೂ ಬಲಕ್ಕೂ ಚೆಲ್ಲುತ್ತಿದ್ದವು. ಅದೇ ಲೆಕ್ಕ ಇಲ್ಲಿಗೂ ಬರುತ್ತದೆ: ಕಣ್ಣು ಹೆದೆಗಿಂತ ಒಂದು ಮಿ.ಮೀ. ಪಕ್ಕಕ್ಕೆ ಸರಿದರೆ 70 ಮೀಟರಿನಲ್ಲಿ ಬಾಣ 7.8 ಸೆಂ.ಮೀ. ಸರಿಯುತ್ತದೆ. ಹತ್ತರ ನಡುವಿನಿಂದ ಅಂಚಿಗೆ ಇರುವುದೇ 6.1. ಅಂದರೆ ಪಿನ್ ಸರಿಯಾಗಿ ನಡುವೆ ಇದ್ದರೂ ಬಾಣ ಒಂಬತ್ತಕ್ಕೆ. ಹೊಸಬರಿಗೆ ಮೊದಲ ಕೆಲವು ತಿಂಗಳು ಪಿನ್ನೇ ಬೇಡ, ಖಾಲಿ ರಿಂಗೇ ಸಾಕು ಎಂದು ನಾನು ಹೇಳುವುದು ಇದಕ್ಕೇ.

ಅಕ್ಕನ ಮಗ ಬಿದಿರಿನ ಬಿಲ್ಲಿನಲ್ಲಿ ಇಂಡಿಯನ್ ರೌಂಡ್ ಎಂಬ ಸ್ಪರ್ಧೆ ಹೊಡೆದು ಬೆಳೆದವನು. ಅದರಲ್ಲಿ ಸೈಟೇ ಇಲ್ಲ. ರಿಕರ್ವಿಗೆ ಬಂದು ಆರು ತಿಂಗಳು ಖಾಲಿ ರಿಂಗಿನಲ್ಲಿ ಹೊಡೆದ ಮೇಲೆ ಅವನಿಗೂ ಪಿನ್ ಬೇಕಾಯಿತು, ಕೆಂಪನ್ನು ಆರಿಸಿದ. ಹಳದಿಯ ಮೇಲೆ ಕೆಂಪು ಚೆನ್ನಾಗಿ ಎದ್ದು ಕಾಣುತ್ತದೆ, ಸುಳ್ಳಲ್ಲ. ಸಂಜೆ ಆರೂವರೆಯ ಹೊತ್ತಿಗೆ ಬಿಲ್ಲು ಇಳಿಸಿ ಕೇಳಿದ, ‘ಮಾಮಾ, ನಿನ್ನ ಹಸರು ಇನ್ನಾ ಕಾಣಸ್ತೈತೇನು? ನಂದು ಕರ್ರಗಾಗೇತಿ.’

ಹಗಲಲ್ಲಿ ಮನುಷ್ಯನ ಕಣ್ಣು ಹೆಚ್ಚು ಸ್ಪಂದಿಸುವುದು ಹಸಿರಿಗೆ, ಸುಮಾರು 555 ನ್ಯಾನೊಮೀಟರಿಗೆ. ಕತ್ತಲಾಗುತ್ತಾ ಬಂದಂತೆ ಆ ಸೂಕ್ಷ್ಮತೆ ನೀಲಿಯ ಕಡೆ ಜರುಗುತ್ತದೆ, ಕೆಂಪು ಎಲ್ಲಕ್ಕಿಂತ ಮೊದಲು ಕಪ್ಪಾಗುತ್ತದೆ. ಮುಸ್ಸಂಜೆಯಲ್ಲಿ ಕೆಂಪು ದಾಸವಾಳ ಕಪ್ಪಾಗಿ, ಅದರ ಎಲೆ ಇನ್ನೂ ತಿಳಿಯಾಗಿ ಕಾಣುವುದೂ ಇದರಿಂದಲೇ. ಶಾಲೆ ಬಿಟ್ಟ ಮೇಲೆ ಅಭ್ಯಾಸ ಮಾಡುವವರಿಗೆ ಹಸಿರೇ ಲೇಸು. ಹಳದಿ ಫೈಬರನ್ನು ಮಾತ್ರ ಟಾರ್ಗೆಟ್ಟಿಗೆ ತರಬೇಡಿ, ಹಳದಿಯೊಳಗೆ ಹಳದಿ ಕರಗಿಹೋಗುತ್ತದೆ.

ದಿಕ್ಕಿನ ಮಾತನ್ನೂ ಹೇಳಿಬಿಡುತ್ತೇನೆ. ನಮ್ಮ ಉತ್ತರಾರ್ಧ ಗೋಳದಲ್ಲಿ ಸ್ಪರ್ಧೆಯ ಮೈದಾನವನ್ನು ಉತ್ತರಕ್ಕೆ ಮುಖ ಮಾಡಿ ಹಾಕುವುದು ನಿಯಮ. ನಮ್ಮ ಹೊಲದಲ್ಲಿ ಮಣ್ಣಿನ ದಿಬ್ಬ ಇರುವುದು ಪಶ್ಚಿಮಕ್ಕೆ, ಬಟ್ಟಿನ ಹಿಂದೆ ಅದು ಬೇಕೇ ಬೇಕು. ಹಾಗಾಗಿ ಸಂಜೆ ಸೂರ್ಯ ಎದುರಿಗೆ, ಟಾರ್ಗೆಟ್ ನೆರಳಿನಲ್ಲಿ, ಪಿನ್ ಬಿಸಿಲಿನಲ್ಲಿ. ಇಲ್ಲಿ ಹದ ಮಾಡಿದ ಟೇಪು ಸ್ಪರ್ಧೆಯ ಮೈದಾನದಲ್ಲಿ ಹೆಚ್ಚಾಯಿತು. ಅಭ್ಯಾಸದ ಬಾಣಗಳ ಹೊತ್ತಿಗೇ ಎರಡು ಸುತ್ತು ಬಿಚ್ಚಬೇಕಾಯಿತು. ಅಲ್ಲಿ ಸಲಕರಣೆ ತಪಾಸಣೆಯೂ ಇರುತ್ತದೆ. ರಿಕರ್ವಿನಲ್ಲಿ ಕಣ್ಣಿನ ನೇರಕ್ಕೆ ಬರುವ ಫೈಬರ್ ಬಾಗುವ ಮೊದಲು 2 ಸೆಂ.ಮೀ. ಮೀರಬಾರದು, ಎಳೆದು ನಿಂತಾಗ ಬೆಳಗುವ ಚುಕ್ಕೆ ಒಂದೇ ಕಾಣಬೇಕು. ಬಾಗಿ ನೋಟದ ಆಚೆ ಹೋದ ಎಳೆ ಉದ್ದವಿದ್ದರೂ ತಕರಾರಿಲ್ಲ.

ಬಿಸಿಲು ಈ ಎಳೆಯ ಬಣ್ಣವನ್ನು ನಿಧಾನಕ್ಕೆ ತಿನ್ನುತ್ತದೆ. ಟೇಪು ಬಿಚ್ಚಿದಾಗ ಮುಚ್ಚಿದ ಭಾಗ ಗಿಳಿಯ ರೆಕ್ಕೆಯ ಹಸಿರು, ತೆರೆದ ಭಾಗ ಮಾಸಲು. ಆದ್ದರಿಂದ ಅಭ್ಯಾಸ ಮುಗಿದ ಕೂಡಲೇ ಸೈಟನ್ನು ಬಿಲ್ಲಿನಿಂದ ಬಿಚ್ಚಿ ಪೆಟ್ಟಿಗೆಗೆ ಹಾಕುತ್ತೇನೆ. ಎಳೆ ಮಾಸಿದಾಗ ಬದಲಿಸಲು ಒಂದು ತುಂಡು ಫೈಬರ್, ಅರ್ಧ ಬ್ಲೇಡು, ಎರಡು ಊದುಬತ್ತಿ ಅದೇ ಪೆಟ್ಟಿಗೆಯಲ್ಲಿ ಇರುತ್ತವೆ.

ಈ ಜೂನಿನಲ್ಲಿ ಡ್ಯಾಮಿನ ಕಡೆಯಿಂದ ಮೊದಲ ಮೋಡ ಎದ್ದ ದಿನ ಹೊಲದಲ್ಲೇ ಇದ್ದೆ. ಐದು ನಿಮಿಷದಲ್ಲಿ ಬೆಳಕು ಇಳಿದು ಪಿನ್ ಮಂಕಾಯಿತು. ಉಗುರಿನಿಂದ ಟೇಪಿನ ತುದಿ ಎಬ್ಬಿಸಿ ಮೂರು ಸುತ್ತು ಬಿಚ್ಚಿ, ಬಿಚ್ಚಿದ ಟೇಪನ್ನು ಬಿಲ್ಲಿನ ನಡುವಿನ ಹಿಡಿಭಾಗವಾದ ರೈಸರಿಗೆ ಅಂಟಿಸಿಕೊಂಡು ಮತ್ತೆ ಗೆರೆಗೆ ಹೋಗಿ ನಿಂತೆ. ಹಳದಿಯ ನಡುವೆ ಹಸಿರು ಚುಕ್ಕೆ ಸಣ್ಣಗೆ ಕೂತಿತ್ತು. ಮಳೆ ಬರುವಷ್ಟರಲ್ಲಿ ಹನ್ನೆರಡು ಬಾಣ ಹೊಡೆದೆ.