ಪ್ರೇಮಕಥೆಯ ವಿಷುವಲ್ ನಾವೆಲ್ ಅನ್ನು ಹ್ಯಾಂಡ್‌ಹೆಲ್ಡ್ ಕನ್ಸೋಲ್‌ಗೆ ಪೋರ್ಟ್ ಮಾಡುವುದು

ವಿಷುವಲ್ ನಾವೆಲ್ ಎಂದರೆ ಚಿತ್ರ, ಮಾತು, ಆಯ್ಕೆಗಳ ಮೂಲಕ ಕಥೆ ಹೇಳುವ ಆಟ; ಅದನ್ನು ಬೇರೆ ಯಂತ್ರದಲ್ಲಿ ಓಡುವಂತೆ ಮಾಡುವುದೇ ಪೋರ್ಟ್. ಎಂಜಿನ್ (ಆಟವನ್ನು ನಡೆಸುವ ತಂತ್ರಾಂಶ) ಹೇಗೋ ಓಡುತ್ತದೆ. ಹೆಚ್ಚು ಸಮಯ ತಿನ್ನುವುದು ಚಿತ್ರಗಳು ಮತ್ತು ಸ್ಕ್ರಿಪ್ಟ್. ಮೊದಲು ಪರದೆಯ ಲೆಕ್ಕ ಮುಗಿಸಿಕೊಳ್ಳಿ.

ಮೂಲ ಚಿತ್ರಗಳು 800×600, ಕನ್ಸೋಲ್ ಪರದೆ 1280×720 ಎಂದುಕೊಳ್ಳಿ. ಎತ್ತರಕ್ಕೆ ಹೊಂದಿಸಿದರೆ ಚಿತ್ರ 960×720 ಆಗಿ ಎಡಬಲಕ್ಕೆ ತಲಾ 160 ಪಿಕ್ಸೆಲ್ ಖಾಲಿ ಉಳಿಯುತ್ತದೆ. ಅಗಲಕ್ಕೆ ಹೊಂದಿಸಿದರೆ ಕಾಲು ಭಾಗ ಕತ್ತರಿಗೆ ಹೋಗುತ್ತದೆ. ಹಿನ್ನೆಲೆಗಳನ್ನು ಧೈರ್ಯವಾಗಿ ಕತ್ತರಿಸಿ. ಮುಖಗಳಿರುವ ದೊಡ್ಡ ಚಿತ್ರಗಳಿಗೆ ಮಾತ್ರ ಒಂದೊಂದಕ್ಕೂ ಕ್ರಾಪ್ ಜಾಗ ಬೇರೆಯಾಗಿ ಗುರುತಿಸಿ, ಇಲ್ಲದಿದ್ದರೆ ನಾಯಕಿಯ ಹಣೆಯೇ ಮಾಯ. ಕೂದಲಂಚಿನಲ್ಲಿ ಬಿಳಿ ಗೆರೆ ಕಂಡರೆ, ಪಾರದರ್ಶಕ ಪಿಕ್ಸೆಲ್‌ಗಳಲ್ಲಿ ಅಡಗಿದ್ದ ಬಿಳಿ ಬಣ್ಣ ಸ್ಕೇಲ್ ಮಾಡುವಾಗ ಬೆರೆತಿದೆ ಎಂದರ್ಥ. ಪ್ರೀಮಲ್ಟಿಪ್ಲೈಡ್ ಆಲ್ಫಾಗೆ (ಬಣ್ಣವನ್ನು ಮೊದಲೇ ಅಪಾರದರ್ಶಕತೆಯಿಂದ ಗುಣಿಸಿಡುವ ರೂಪಕ್ಕೆ) ಬದಲಿಸಿದ ಮೇಲೆಯೇ ಸ್ಕೇಲ್ ಮಾಡಿ.

ಅಕ್ಷರದ ಗಾತ್ರ 32 ಪಿಕ್ಸೆಲ್‌ಗಿಂತ ಕಡಿಮೆ ಬೇಡ. ಆಗ ಮೂರು ಸಾಲಿನಲ್ಲಿ ಕೂರುತ್ತಿದ್ದ ಮಾತು ನಾಲ್ಕಕ್ಕೆ ಉಕ್ಕುತ್ತದೆ. ಅದನ್ನು ಎರಡು ಮಾತುಗಳಾಗಿ ಒಡೆಯಬೇಡಿ: ಧ್ವನಿ ಫೈಲ್ ಆ ಮಾತಿನ ಐಡಿಗೆ ಅಂಟಿಕೊಂಡಿರುವುದರಿಂದ ಅರ್ಧಕ್ಕೇ ನಿಲ್ಲುತ್ತದೆ ಅಥವಾ ಎರಡು ಸಲ ಕೇಳುತ್ತದೆ. ಅದೇ ಐಡಿಯೊಳಗೆ ಪುಟ ತಿರುಗಿಸುವ ಟ್ಯಾಗ್ ಹಾಕಿ. ಕನ್ನಡದ ಪಠ್ಯವಾದರೆ ಸಾಲಿನ ಅಂತರವನ್ನೂ ಹೆಚ್ಚಿಸಿ, ಒತ್ತಕ್ಷರ ಕೆಳಗಿನ ಸಾಲಿಗೆ ತಾಗುತ್ತದೆ.

ಆಯ್ಕೆಯ ಪರದೆಯಲ್ಲಿ ಮೌಸ್ ಇಲ್ಲವೆಂದು ಮೊದಲ ಆಯ್ಕೆಗೇ ಫೋಕಸ್ (ಬಟನ್ ಒತ್ತಿದರೆ ಆರಿಸಲಾಗುವ ಗುರುತು) ಕೊಡುವುದು ವಾಡಿಕೆ. ಬಟನ್ ಒತ್ತುತ್ತಾ ಓದುತ್ತಿದ್ದವರು ನೋಡುವ ಮೊದಲೇ ಅದನ್ನು ಆರಿಸಿ ಬೇಡದ ರೂಟ್‌ಗೆ (ಕಥೆಯ ಕವಲಿಗೆ) ಹೋಗಿಬಿಡುತ್ತಾರೆ. ಫೋಕಸ್ ಎಲ್ಲೂ ಇಡಬೇಡಿ, ಡಿ-ಪ್ಯಾಡ್ (ದಿಕ್ಕಿನ ಬಟನ್) ಒತ್ತಿದಾಗಲೇ ಬರಲಿ. ಆಯ್ಕೆಗೆ ಮುಂಚೆ ಆಟೋಸೇವ್ ಇರಲಿ.

ಕನ್ಸೋಲ್ ಸ್ಲೀಪ್‌ನಿಂದ ಎದ್ದಾಗ ಆಟೋ ಮೋಡ್ (ಮಾತುಗಳು ತಾವಾಗಿಯೇ ಮುಂದೆ ಸಾಗುವ ವಿಧಾನ) ಹಲವು ಮಾತು ಹಾರಿಸಿದರೆ, ಟೈಮರ್ ಮಲಗಿದ್ದ ಹೊತ್ತನ್ನೂ ಸೇರಿಸಿ ಗಡಿಯಾರದ ಸಮಯವನ್ನು ಎಣಿಸುತ್ತಿದೆ ಎಂದರ್ಥ. ಒಂದು ಫ್ರೇಮ್‌ಗೆ (ಪರದೆಯನ್ನು ಒಮ್ಮೆ ಬಿಡಿಸುವಷ್ಟರಲ್ಲಿ) ಟೈಮರ್ ಗರಿಷ್ಠ 0.1 ಸೆಕೆಂಡ್ ಮಾತ್ರ ಎಣಿಸಲಿ ಎಂದು ಮಿತಿ ಹಾಕಿ.

ವಯಸ್ಸಿನ ರೇಟಿಂಗ್‌ಗಾಗಿ ದೃಶ್ಯ ತೆಗೆಯಬೇಕಾದರೆ ಅದರೊಳಗಿನ ಫ್ಲ್ಯಾಗ್‌ಗಳನ್ನು (ಆಟಗಾರರ ಆಯ್ಕೆ, ಅಂಕಗಳನ್ನು ನೆನಪಿಡುವ ಗುರುತುಗಳನ್ನು) ಹುಡುಕಿ ಉಳಿಸಿಕೊಳ್ಳಿ. ಪ್ರೀತಿಯ ಅಂಕ ಹೆಚ್ಚಿಸುವ ಒಂದೇ ಸಾಲು ಅಲ್ಲಿದ್ದರೆ, ಎಲ್ಲ ಸರಿಯಾಗಿ ಆಯ್ದರೂ ಒಳ್ಳೆಯ ಅಂತ್ಯ ತೆರೆಯುವುದಿಲ್ಲ, ಎರರ್ ಕೂಡ ಬರುವುದಿಲ್ಲ. ಮೂಲ ಮತ್ತು ಪೋರ್ಟ್, ಎರಡೂ ಆವೃತ್ತಿಗಳಲ್ಲಿ ಪ್ರತಿ ರೂಟ್ ಅನ್ನು ಸ್ಕಿಪ್‌ನಲ್ಲಿ (ಮಾತುಗಳನ್ನು ವೇಗವಾಗಿ ದಾಟಿಸುವ ವಿಧಾನದಲ್ಲಿ) ಓಡಿಸಿ, ಅಧ್ಯಾಯದ ಕೊನೆಗೆ ಫ್ಲ್ಯಾಗ್‌ಗಳ ಬೆಲೆ ಫೈಲ್‌ಗೆ ಬರೆಸಿ, ಪಕ್ಕಪಕ್ಕ ಇಟ್ಟು ಹೋಲಿಸಿ.