ವಿಜಯಪುರದ ಬಿಸಿಲಲ್ಲಿ ಬಿಯರ್ಡೆಡ್ ಡ್ರ್ಯಾಗನ್: ತಂಪು ಬದಿಯಿಂದ ಲೆಕ್ಕ ಹಿಡಿದ ಪೆಟ್ಟಿಗೆ

ಬಿಯರ್ಡೆಡ್ ಡ್ರ್ಯಾಗನ್ ಆಸ್ಟ್ರೇಲಿಯಾದ ಒಳನಾಡಿನ ಒಣ ಬಯಲಿನ, ಓತಿಕ್ಯಾತದಂಥ ಪ್ರಾಣಿ; ಮನೆಯಲ್ಲಿ ಪೆಟ್ಟಿಗೆಯಲ್ಲಿಟ್ಟು ಸಾಕುತ್ತಾರೆ. ಇಷ್ಟು ಕೇಳಿದ ಕೂಡಲೇ "ಹಂಗಾದ್ರ ನಮ್ಮೂರ ಬಿಸಿಲು ಅದಕ್ಕ ಸರಿ ಆಗ್ತದ, ಒಂದು ಬಲ್ಬ್ ಹಾಕಿದ್ರ ಮುಗೀತು" ಅನ್ನುವವರು ಬಹಳ. ಪ್ರಾಣಿ ಸಾಯುವುದು ಈ ಲೆಕ್ಕದಿಂದಲೇ. ಬಯಲಿನಲ್ಲಿ ನೆಲ ಕಾದರೆ ಅದು ಪೊದೆಯ ನೆರಳಿಗೋ ಬಿಲಕ್ಕೋ ಹೋಗುತ್ತದೆ. ನಾಲ್ಕು ಅಡಿ ಪೆಟ್ಟಿಗೆಯಲ್ಲಿ ಅಂಥ ಜಾಗವನ್ನು ನಾವೇ ಮಾಡಿಕೊಡಬೇಕು. ಡ್ರ್ಯಾಗನ್ ಸಾಕುವ ಬಗ್ಗೆ ಸಿಗುವ ಮಾಹಿತಿಯಲ್ಲಿ ಹೆಚ್ಚಿನದು ಚಳಿ ದೇಶದವರು ಬರೆದದ್ದು. ಅಲ್ಲಿ ಕೋಣೆ 20–22 ಡಿಗ್ರಿ ಇರುತ್ತದೆ, ಬಿಸಿ ಸೇರಿಸುವುದೇ ಕೆಲಸ. ನಮ್ಮಲ್ಲಿ ಏಪ್ರಿಲ್ ಮಧ್ಯಾಹ್ನ ಕೋಣೆಯೇ 34–36 ಇರುತ್ತದೆ. ಹಾಗಾಗಿ ನಾನು ಲೆಕ್ಕವನ್ನು ತಂಪು ಬದಿಯಿಂದ ಶುರು ಮಾಡುತ್ತೇನೆ.

ಬೇಕಾದ ಅಂಕಿಗಳು ಇವು. ಬೆಳೆದ ಡ್ರ್ಯಾಗನ್ ಮೈ ಕಾಯಿಸಿಕೊಳ್ಳುವ ಕಲ್ಲಿನ ಮೇಲ್ಮೈ 40–42 ಡಿಗ್ರಿ ಸೆಲ್ಸಿಯಸ್, ಮರಿಯಾದರೆ ಒಂದು ಡಿಗ್ರಿ ಹೆಚ್ಚು. ಇನ್ನೊಂದು ತುದಿಯ ಗಾಳಿ 24–28. ರಾತ್ರಿ 18–24. ತಿಂದದ್ದು ಅರಗಬೇಕಾದರೆ ಅದರ ಮೈ 35ರ ಆಸುಪಾಸು ಇರಬೇಕು. ಮೈಯ ಬಿಸಿಯೇ 40 ದಾಟಿದರೆ ಅಪಾಯ. ನಮ್ಮ ಬೇಲಿಯ ಓತಿಕ್ಯಾತವೂ ಇದೇ ಅಗಾಮಿಡೆ ಕುಟುಂಬದ್ದು. ಬೆಳಗ್ಗೆ ಎಂಟಕ್ಕೆ ಕಾಂಪೌಂಡ್ ಗೋಡೆಯ ಮೇಲೆ ಮೈ ಚಪ್ಪಟೆ ಮಾಡಿಕೊಂಡು ಕೂತಿರುತ್ತದೆ, ಬಿಸಿಲೇರಿದ ಮೇಲೆ ಅದೇ ಗೋಡೆಯ ನೆರಳಿನ ಮಗ್ಗುಲಲ್ಲಿ ಇರುತ್ತದೆ. ಪೆಟ್ಟಿಗೆಯೊಳಗೂ ಈ ಓಡಾಟ ಆಗಬೇಕು.

ಪೆಟ್ಟಿಗೆ ತರುವ ಮೊದಲು ಕೋಣೆಯನ್ನು ಅಳೆಯಬೇಕು. ಬೆಳಗ್ಗೆ 6, ಮಧ್ಯಾಹ್ನ 3, ರಾತ್ರಿ 10, ಹೀಗೆ ಮೂರು ದಿನ ಬರೆದಿಟ್ಟರೆ ಸಾಕು. ನೆಲದಿಂದ ಅರ್ಧ ಅಡಿ ಎತ್ತರದಲ್ಲಿ ಒಮ್ಮೆ, ಮೂರು ಅಡಿ ಎತ್ತರದಲ್ಲಿ ಒಮ್ಮೆ ಅಳೆಯಿರಿ. ಸ್ಲ್ಯಾಬಿನ ಮನೆಯಲ್ಲಿ ಈ ಎರಡರ ನಡುವೆ ಎರಡು ಡಿಗ್ರಿವರೆಗೆ ವ್ಯತ್ಯಾಸ ಸಿಗುತ್ತದೆ. ಆದ್ದರಿಂದ ಬೇಸಿಗೆಯಲ್ಲಿ ಪೆಟ್ಟಿಗೆ ಇಟ್ಟಿಗೆಯೆತ್ತರದಲ್ಲಿ ನೆಲದ ಹತ್ತಿರ, ಚಳಿಗಾಲದಲ್ಲಿ ಮೇಜಿನ ಮೇಲೆ. ಪಶ್ಚಿಮದ ಗೋಡೆಗೆ ತಾಗಿಸಬೇಡಿ. ಸಂಜೆ ಹೀರಿದ ಬಿಸಿಯನ್ನು ಅದು ರಾತ್ರಿಯಿಡೀ ಒಳಗೆ ಬಿಡುತ್ತದೆ. ಪತ್ರಾಸಿನ ಕೋಣೆ ಬೇಡವೇ ಬೇಡ. ಕಿಟಕಿಯ ನೇರ ಬಿಸಿಲೂ ಬೇಡ: ಗಾಜಿನೊಳಗೆ ಬಂದ ಬಿಸಿಲು ಹೊರಗೆ ಹೋಗದೆ ಸ್ವಲ್ಪ ಹೊತ್ತಿನಲ್ಲೇ ಪೆಟ್ಟಿಗೆ ಒಲೆಯಾಗುತ್ತದೆ.

ಪೆಟ್ಟಿಗೆಯ ಅಳತೆ 4 ಅಡಿ ಉದ್ದ, 2 ಅಡಿ ಅಗಲ, 2 ಅಡಿ ಎತ್ತರ. ಮೂರು ಅಡಿಯದರಲ್ಲಿ ಎರಡು ತುದಿಗೆ ಎರಡು ಉಷ್ಣತೆ ನಿಲ್ಲಿಸಲು ನಮ್ಮ ಹವೆಯಲ್ಲಿ ಆಗುವುದಿಲ್ಲ. 12 ಮಿ.ಮೀ. ವಾಟರ್‌ಪ್ರೂಫ್ ಪ್ಲೈವುಡ್, ಮುಂದೆ 5 ಮಿ.ಮೀ. ಸರಿಸುವ ಗಾಜು. ತಂಪು ತುದಿಯ ಗೋಡೆಯಲ್ಲಿ ಕೆಳಗೆ 8 ಇಂಚು ಚೌಕದ ಕಿಂಡಿ, ಬಿಸಿ ತುದಿಯ ಗೋಡೆಯಲ್ಲಿ ಮೇಲೆ 12 ಸೆಂ.ಮೀ. ರಂಧ್ರ, ಎರಡಕ್ಕೂ ಸ್ಟೀಲ್ ಜಾಳಿಗೆ. ಬಿಸಿ ಗಾಳಿ ಮೇಲಿಂದ ಹೋಗಬೇಕು, ಹೊಸ ಗಾಳಿ ಕೆಳಗಿಂದ ಬರಬೇಕು. ಮುಚ್ಚಳ ಎರಡು ಮಾಡಿಸಿ: ಒಂದು ಪೂರ್ತಿ ಪ್ಲೈ, ಇನ್ನೊಂದರಲ್ಲಿ ತಂಪು ತುದಿಯ ಅರ್ಧ ಭಾಗ ಜಾಳಿಗೆ. ದೀಪಾವಳಿಗೆ ಪ್ಲೈ ಮುಚ್ಚಳ ಏರುತ್ತದೆ. ಚಳಿ ಶಿವ ಶಿವ ಎಂದು ಹೋಗುವ ಶಿವರಾತ್ರಿಗೆ ಜಾಳಿಗೆಯದು.

ಬಿಸಿ ತುದಿಗೆ ಒಂದು ಅಡಿ ಚೌಕದ ಶಹಾಬಾದಿ ಫರಸಿ, ಒಂದು ಇಂಚಿಗಿಂತ ದಪ್ಪ ಬೇಡ. ಒರಟು ಮಗ್ಗುಲು ಮೇಲೆ ಬರಲಿ, ಉಗುರು ಸವೆಯುತ್ತದೆ. ಇಳಕಲ್ಲಿನ ಕೆಂಪು ಗ್ರಾನೈಟ್ ತುಂಡೂ ನಡೆಯುತ್ತದೆ, ಪಾಲಿಶ್ ಇಲ್ಲದ್ದಾಗಿರಬೇಕು. ದಪ್ಪ ಕಲ್ಲು ಕಾಯಲು ಎರಡು ಗಂಟೆ ತಿನ್ನುತ್ತದೆ, ಮೇ ತಿಂಗಳಲ್ಲಿ ಬಲ್ಬ್ ಆರಿದ ಮೇಲೂ ಬಿಸಿ ಬಿಡುತ್ತಲೇ ಇರುತ್ತದೆ. ಒಳಗೇ ಕಾಯುವ ಕರೆಂಟಿನ ಕಲ್ಲು ಸಿಗುತ್ತದೆ, ಅದನ್ನು ತರಬೇಡಿ. ಈ ಪ್ರಾಣಿ ಬಿಸಿಯನ್ನು ಬೆನ್ನಿನ ಮೇಲಿಂದ ಬರುವ ಬಿಸಿಲಾಗಿ ಗುರುತಿಸುತ್ತದೆ. ಹೊಟ್ಟೆ ಸುಡುತ್ತಿದ್ದರೂ ಏಳದೆ ಕೂತು ಗಾಯ ಮಾಡಿಕೊಳ್ಳುತ್ತದೆ.

ಬಲ್ಬ್ ಅಗಲ ಮುಖದ ಹ್ಯಾಲೊಜೆನ್, ಪಾರ್38 ಎಂಬ ಅಳತೆಯದು, 75 ವ್ಯಾಟ್, ಪಿಂಗಾಣಿ ಹೋಲ್ಡರಿನಲ್ಲಿ. ಪ್ಲಾಸ್ಟಿಕ್ ಹೋಲ್ಡರ್ ಮೆತ್ತಗಾಗಿ ಬಲ್ಬ್ ಕೆಳಗೆ ಬೀಳುತ್ತದೆ. ಎಲ್‌ಇಡಿಯಿಂದ ಈ ಕೆಲಸ ಆಗದು. ಬಲ್ಬಿನ ಮುಖದಿಂದ ಕಲ್ಲಿಗೆ 30 ಸೆಂ.ಮೀ. ಇಟ್ಟು ಹಚ್ಚಿ, 45 ನಿಮಿಷ ಬಿಟ್ಟು, ಇನ್‌ಫ್ರಾರೆಡ್ ಗನ್ನಿನಿಂದ ಕಲ್ಲಿನ ನಟ್ಟನಡುವೆ, ಆಮೇಲೆ ನಾಲ್ಕು ಮೂಲೆಗೆ ಹಿಡಿದು ನೋಡಿ. ನಡುವೆ 41, ಮೂಲೆಯಲ್ಲಿ 36–37 ಬಂದರೆ ಸರಿ. ನಡುವೆ 45 ಬಂದು ಮೂಲೆ 30 ಇದ್ದರೆ ಬಲ್ಬ್ ತೀರ ಹತ್ತಿರವಿದೆ ಎಂದರ್ಥ: ಬೆನ್ನಿನ ಒಂದೇ ಜಾಗ ಸುಡುತ್ತದೆ, ಉಳಿದ ಮೈ ತಣ್ಣಗೇ ಇರುತ್ತದೆ. ಗನ್ ಹಿಡಿಯುವಾಗ ಗಾಜಿನ ಹೊರಗಿಂದ ಹಿಡಿದರೆ ಸಿಗುವುದು ಗಾಜಿನ ಉಷ್ಣತೆ, ಕಲ್ಲಿನದಲ್ಲ. ಗೋಡೆಗೆ ಅಂಟಿಸುವ ಗಡಿಯಾರದಂಥ ಥರ್ಮಾಮೀಟರು ಐದು ಡಿಗ್ರಿ ಆಚೀಚೆ ಹೇಳುತ್ತದೆ. ಅದಕ್ಕೆ ಕೊಡುವ ದುಡ್ಡಿಗೆ ವೈರಿನ ಸೆನ್ಸರ್ ಇರುವ ಡಿಜಿಟಲ್ ಬರುತ್ತದೆ.

ವೋಲ್ಟೇಜಿನ ಮಾತನ್ನು ಇಲ್ಲಿ ಬಿಡುವಂತಿಲ್ಲ. ಫಿಲಮೆಂಟ್ ಬಲ್ಬಿಗೆ 230ರ ಬದಲು 200 ವೋಲ್ಟ್ ಬಂದರೆ ಬಿಸಿ ಹೆಚ್ಚುಕಡಿಮೆ ಐದರಲ್ಲಿ ಒಂದು ಪಾಲು ಇಳಿಯುತ್ತದೆ. 250 ಬಂದರೆ ಅಷ್ಟೇ ಬೇಗ ಏರುತ್ತದೆ, ಬಲ್ಬೂ ಬೇಗ ಹೋಗುತ್ತದೆ. ಬೆಳಗ್ಗೆ 41 ಇದ್ದ ಕಲ್ಲು ಸಂಜೆ 37 ತೋರಿಸಿದರೆ ಬಲ್ಬ್ ಬದಲಿಸುವ ಮೊದಲು ವೋಲ್ಟೇಜ್ ನೋಡಿ. ಬಲ್ಬಿನ ಸಾಲಿನಲ್ಲಿ ಲೈಟಿನ ಡಿಮ್ಮರ್ ಇರಲಿ, 300 ವ್ಯಾಟಿಗೆ ಕಡಿಮೆಯಿಲ್ಲದ್ದು. ಫ್ಯಾನಿನ ಸ್ಟೆಪ್ ರೆಗ್ಯುಲೇಟರ್ ಮೋಟಾರಿಗೆ ಮಾಡಿದ್ದು. ಎರಡನೆಯ ಮೆಟ್ಟಿಲಿನಿಂದ ಮೂರನೆಯದಕ್ಕೆ ಹೋದಾಗ ಬಿಸಿ ಒಮ್ಮೆಲೇ ಜಿಗಿಯುತ್ತದೆ, ನಡುವೆ ನಿಲ್ಲಿಸಲು ಬರುವುದಿಲ್ಲ.

ಇನ್ನು ಥರ್ಮೋಸ್ಟಾಟ್, ಅಂದರೆ ಉಷ್ಣತೆ ನೋಡಿ ತಾನೇ ಹಚ್ಚಿ ಆರಿಸುವ ಸಾಧನ. ಎಸ್‌ಟಿಸಿ-1000 ಎಂಬ ಕಂಟ್ರೋಲರ್ ಅಗ್ಗ, 220 ವೋಲ್ಟಿನದು ನೋಡಿ ತನ್ನಿ. ವೈರ್ ಕಟ್ಟುವ ಹಿಂಬದಿಯ ಸ್ಕ್ರೂಗಳಿಗೆ ನಂಬರ್ ಇರುತ್ತದೆ: 1–2 ಕರೆಂಟ್, 3–4 ಸೆನ್ಸರ್, 5–6 ಹೀಟಿಂಗ್, 7–8 ಕೂಲಿಂಗ್. ಎಲೆಕ್ಟ್ರಿಷಿಯನ್ನರು ತಪ್ಪುವುದು ಇಲ್ಲೇ: 5–6, 7–8ರಿಂದ ತಾನಾಗಿ ಕರೆಂಟ್ ಹೊರಬರುವುದಿಲ್ಲ. ಅವು ಬರೀ ಸ್ವಿಚ್ಚುಗಳು, ಫೇಸನ್ನು ಅವುಗಳ ಮೂಲಕ ಹಾಯಿಸಬೇಕು. ಹಿಂಬದಿಯ ಸ್ಕ್ರೂಗಳು ತೆರೆದೇ ಇರುತ್ತವೆ, ಪ್ಲಾಸ್ಟಿಕ್ ಬಾಕ್ಸಿನೊಳಗೆ ಕೂರಿಸಿ.

ನಾನು ಒಂದು ಪೆಟ್ಟಿಗೆಗೆ ಇಂಥವು ಎರಡು ಹಾಕುತ್ತೇನೆ. ಒಂದರಲ್ಲೇ ಎರಡು ಸ್ವಿಚ್ ಇರುವಾಗ ಎರಡೇಕೆ ಎಂದರೆ, ಉಷ್ಣತೆ ಕೂರಿಸುವ ಸೆಟ್ಟಿಂಗ್ ಎಫ್1, ಅದರಲ್ಲಿ ಕೂರಿಸುವ ಉಷ್ಣತೆ ಒಂದೇ. ಬಲ್ಬ್ ಆರಬೇಕಾದದ್ದು ತಂಪು ಬದಿ 32 ಮುಟ್ಟಿದಾಗ. ಫ್ಯಾನ್ ತಿರುಗಬೇಕಾದದ್ದು 29ಕ್ಕೇ. ಮೊದಲನೆಯದರಲ್ಲಿ ಎಫ್1 32, ಎಫ್2 (ಹತ್ತುವುದಕ್ಕೂ ಆರುವುದಕ್ಕೂ ನಡುವಿನ ಅಂತರ) 1, ಬಲ್ಬ್ 5–6ಕ್ಕೆ: 32ಕ್ಕೆ ಆರುತ್ತದೆ, 31ಕ್ಕೆ ಇಳಿದರೆ ಹತ್ತುತ್ತದೆ. ಎರಡನೆಯದರಲ್ಲಿ ಎಫ್1 28, ಎಫ್2 1, ಫ್ಯಾನ್ 7–8ಕ್ಕೆ: 29ಕ್ಕೆ ಶುರು, 28ಕ್ಕೆ ಬಂದ್. ಎಫ್3, ಅಂದರೆ ಕೂಲಿಂಗ್ ಮತ್ತೆ ಹತ್ತುವ ಮೊದಲು ಕಾಯುವ ಹೊತ್ತು, ಒಂದು ನಿಮಿಷ. ಎರಡೂ ಸೆನ್ಸರ್ ತಂಪು ತುದಿಯಲ್ಲಿ, ನೆಲದಿಂದ 5 ಸೆಂ.ಮೀ. ಮೇಲೆ, ಅಂದರೆ ಪ್ರಾಣಿಯ ಬೆನ್ನಿನ ಮಟ್ಟಕ್ಕೆ, ಜಿಪ್ ಟೈ ಬಿಗಿದು. ಸೆನ್ಸರ್ ಕಿತ್ತು ಕಿಂಡಿಯ ಮುಂದೆ ಬಿದ್ದರೆ ತಣ್ಣನೆ ಗಾಳಿ ತಾಗಿ "ಎಲ್ಲ ತಂಪಾಗಿದೆ" ಎಂದು ತಿಳಿದು ಫ್ಯಾನ್ ನಿಲ್ಲಿಸುತ್ತದೆ, ಬಲ್ಬನ್ನು ಉರಿಸುತ್ತಲೇ ಇರುತ್ತದೆ. ವಾರಕ್ಕೊಮ್ಮೆ ಆ ಟೈ ಎಳೆದು ನೋಡುವುದು ನೀರು ಬದಲಿಸಿದಷ್ಟೇ ಮುಖ್ಯ.

ಆ ಫ್ಯಾನು 12 ವೋಲ್ಟಿನ, 120 ಮಿ.ಮೀ. ಕಂಪ್ಯೂಟರ್ ಫ್ಯಾನ್; 7–8ರ ಕರೆಂಟ್ ಅದಕ್ಕೆ ನೇರ ಅಲ್ಲ, 12 ವೋಲ್ಟಿನ ಅಡಾಪ್ಟರಿನ ಮೂಲಕ ಹೋಗಬೇಕು. ಬಿಸಿ ತುದಿಯ ಮೇಲಿನ ರಂಧ್ರಕ್ಕೆ ಹೊರಮುಖವಾಗಿ ಕೂರಿಸಿ, ಒಳಗಿನ ಗಾಳಿ ಹೊರಗೆ ಎಳೆಯುವಂತೆ. ಎದುರು ತುದಿಯ 8 ಇಂಚಿನ ಕಿಂಡಿಗೆ ಹೊರಗಿಂದ ಕೂಲರಿನ ಹುಲ್ಲಿನ ಪ್ಯಾಡ್, ಒಂದು ಇಂಚು ದಪ್ಪ. ಅದರ ಮೇಲೆ ಒಂದು ಲೀಟರ್ ಬಾಟಲಿ ನೇತುಹಾಕಿ ಹೊಸ ಸಲೈನ್ ನಳಿಕೆಯಿಂದ ನಿಮಿಷಕ್ಕೆ 40 ಹನಿ ಬಿಡಿ. ದವಾಖಾನೆಯಲ್ಲಿ ಬಳಸುವ ಸಾಮಾನ್ಯ ನಳಿಕೆಯಲ್ಲಿ 20 ಹನಿಗೆ ಒಂದು ಮಿ.ಲೀ., ಅಂದರೆ ಗಂಟೆಗೆ 120 ಮಿ.ಲೀ. ಅಷ್ಟು ನೀರು ಆವಿಯಾಗುವಾಗ ಹೀರುವ ಬಿಸಿ ಸುಮಾರು 80 ವ್ಯಾಟ್, ಒಳಗಿನ ಬಲ್ಬ್ ಕೊಡುವಷ್ಟೇ. ಕೆಳಗೊಂದು ತಟ್ಟೆ ಇರಲಿ. ಏಪ್ರಿಲ್–ಮೇ ತಿಂಗಳಲ್ಲಿ ನಮ್ಮ ಗಾಳಿ ಅಷ್ಟು ಒಣ ಇರುವುದರಿಂದಲೇ ಇದು ನಡೆಯುತ್ತದೆ: ಮಧ್ಯಾಹ್ನ 3ಕ್ಕೆ ಕೋಣೆ 36 ಇದ್ದಾಗ ತಂಪು ತುದಿ 29ರಲ್ಲಿ ನಿಲ್ಲುತ್ತದೆ. ಬೋರಿನ ಗಡಸು ನೀರಿನಿಂದ ಪ್ಯಾಡಿನ ಮೇಲೆ ಬಿಳಿ ಉಪ್ಪು ಕಟ್ಟಿ ಗಾಳಿ ಹಾಯುವುದು ನಿಲ್ಲುತ್ತದೆ, ತಿಂಗಳಿಗೊಮ್ಮೆ ಬದಲಿಸಿ. ರಾತ್ರಿ ಹನಿ ನಿಲ್ಲಿಸಿ ಪ್ಯಾಡ್ ಒಣಗಲು ಬಿಡಿ, ಇಲ್ಲದಿದ್ದರೆ ಬೂಷ್ಟು. ಮೃಗಶಿರಾ ಮಳೆ ಬಿದ್ದ ಮೇಲೆ ಪ್ಯಾಡ್ ತೆಗೆದುಬಿಡಿ. ಗಾಳಿಯಲ್ಲೇ ತೇವ ಇದ್ದಾಗ ನೀರು ಆವಿಯಾಗುವುದಿಲ್ಲ, ಪೆಟ್ಟಿಗೆ ಬರೀ ಹಸಿಯಾಗುತ್ತದೆ. ತೇವಾಂಶ 30–40 ಶೇಕಡಾ ಈ ಪ್ರಾಣಿಗೆ ಹಿತ. ಹಸಿ ಪೆಟ್ಟಿಗೆಯಲ್ಲಿ ಶ್ವಾಸದ ಕಾಯಿಲೆ ಬರುತ್ತದೆ.

ಮೇ ತಿಂಗಳ ವೇಳಾಪಟ್ಟಿ ಬೇರೆ. ಬಲ್ಬ್ ಬೆಳಗ್ಗೆ 6.30ರಿಂದ 10.30ರವರೆಗೆ ಮಾತ್ರ, ಊಟ ಎಂಟಕ್ಕೆ. ಆಮೇಲೆ ಪೆಟ್ಟಿಗೆಯ ಬಿಸಿ ತುದಿಯ ಗಾಳಿಯೇ 34–35 ಇರುವಾಗ ಅರಗಲು ಬೇಕಾದ ಬಿಸಿ ತಾನಾಗಿ ಸಿಗುತ್ತದೆ. ತಂಪು ತುದಿಯಲ್ಲಿ ಒಡೆದ ಗಡಿಗೆಯ ಅರ್ಧ ಬೋಕಿ ಬೋರಲು ಹಾಕಿದರೆ ಒಳ್ಳೆಯ ಗೂಡು. ಸುಟ್ಟ ಮಣ್ಣು ಪ್ಲಾಸ್ಟಿಕ್ಕಿನ ಗುಹೆಯಂತೆ ಸೆಕೆ ಹಿಡಿಯುವುದಿಲ್ಲ. ಅಂಚನ್ನು ಕಲ್ಲಿಗೆ ತಿಕ್ಕಿ ನುಣುಪು ಮಾಡಿ. ಮಧ್ಯಾಹ್ನ ಕರೆಂಟ್ ಹೋದರೆ ಫ್ಯಾನ್ ನಿಲ್ಲುತ್ತದೆ, ಅದಕ್ಕೇ ಫ್ರೀಜರಿನಲ್ಲಿ ಒಂದು ಲೀಟರಿನ ಎರಡು ಬಾಟಲಿ ಸದಾ ಇರಲಿ. ಬಟ್ಟೆ ಸುತ್ತಿ ತಂಪು ತುದಿಯ ಜಾಳಿಗೆಯ ಮೇಲೆ ತಟ್ಟೆಯಲ್ಲಿಡಿ. ತಣ್ಣನೆ ಗಾಳಿ ಭಾರ, ತಾನಾಗಿ ಕೆಳಗಿಳಿಯುತ್ತದೆ. ಪೆಟ್ಟಿಗೆಯೊಳಗೆ ಇಡಬೇಡಿ, ಮೈ ತಾಗಿಸಿಕೊಂಡು ಕೂತರೆ ಒಮ್ಮೆಲೇ ತಣ್ಣಗಾಗುತ್ತದೆ. ಸಂಜೆ ಮಾಳಿಗೆಗೆ ನೀರು ಹೊಡೆದರೆ ರಾತ್ರಿ ಕೋಣೆ ಬೇಗ ಇಳಿಯುತ್ತದೆ. ಮನೆಯ ಮಂದಿಗೂ ನಿದ್ದೆ ಬರುತ್ತದೆ.

ಯುವಿಬಿ (ಬಿಸಿಲಿನಲ್ಲಿರುವ ಅತಿನೇರಳೆ ಕಿರಣ) ಟ್ಯೂಬಿನ ಮಾತು ಇಷ್ಟೇ: ಟಿ5 ಎಂಬ ಸಣ್ಣ ದಪ್ಪದ ಟ್ಯೂಬ್, 12 ಶೇಕಡಾದ್ದು, ಎರಡು ಅಡಿ, ಬಲ್ಬಿನ ಪಕ್ಕದಲ್ಲೇ ಪೆಟ್ಟಿಗೆಯ ಒಳಗೆ, ಬೆನ್ನಿನಿಂದ 35–45 ಸೆಂ.ಮೀ. ಮೇಲೆ. ಗಾಜು ಈ ಕಿರಣವನ್ನು ತಡೆಯುತ್ತದೆ, ಜಾಳಿಗೆ ಬಹಳಷ್ಟು ತಿನ್ನುತ್ತದೆ. ಬೆಳಕು ಉರಿಯುತ್ತಿದ್ದರೂ ವರ್ಷಕ್ಕೊಮ್ಮೆ ಬದಲಿಸಿ. ಅದೂ 24 ವ್ಯಾಟ್ ಬಿಸಿ ಕೊಡುತ್ತದೆ, ಲೆಕ್ಕಕ್ಕೆ ಸೇರಿಸಿಕೊಳ್ಳಿ.

ಎಳ್ಳಮಾವಾಸ್ಯೆಯ ಸುತ್ತಮುತ್ತ ರಾತ್ರಿ ಹೊರಗೆ 10–12ಕ್ಕೆ ಇಳಿದರೂ ಸಿಮೆಂಟಿನ ಮನೆಯೊಳಗೆ 18–19 ಇರುತ್ತದೆ. ಅಷ್ಟಿದ್ದರೆ ರಾತ್ರಿ ಬಿಸಿ ಬೇಡ. ಇಳಿತವೇ ಅದರ ನಿದ್ದೆಗೆ ಒಳ್ಳೆಯದು. 18ಕ್ಕಿಂತ ಇಳಿಯುವ ಮನೆಯಾದರೆ 60 ವ್ಯಾಟಿನ ಸೆರಾಮಿಕ್ ಹೀಟರ್, ಸುತ್ತ ತಂತಿ ಪಂಜರ ಕಡ್ಡಾಯ, ಮುಟ್ಟಿದರೆ ಚರ್ಮ ಕಿತ್ತುಬರುವಷ್ಟು ಕಾದಿರುತ್ತದೆ. ಬೇಸಿಗೆಯಲ್ಲಿ ಫ್ಯಾನ್ ನಡೆಸಿದ ಎಸ್‌ಟಿಸಿಯನ್ನೇ ಬಳಸಿ: ಫ್ಯಾನ್ ಬಿಚ್ಚಿ, ಹೀಟರ್ 5–6ಕ್ಕೆ, ಎಫ್1 20, ಎಫ್2 1. ಆಗ 19ಕ್ಕೆ ಹತ್ತಿ 20ಕ್ಕೆ ಆರುತ್ತದೆ. ರಾತ್ರಿಗೆಂದು ಮಾರುವ ಕೆಂಪು, ನೀಲಿ ಬಲ್ಬ್ ಬೇಡ, ಬೆಳಕಿದ್ದರೆ ಅದು ಮಲಗುವುದಿಲ್ಲ. ಹಗಲಿಗೆ 75ರ ಬದಲು 100 ವ್ಯಾಟ್ ಬಲ್ಬ್ ಬೇಕಾಗಬಹುದು. ಹಿಂಬದಿಗೆ ಥರ್ಮಾಕೋಲ್ ಹಚ್ಚುವುದಾದರೆ ಹೊರಗೆ. ಒಳಗೆ ಹಚ್ಚಿದರೆ ಊಟಕ್ಕೆ ಬಿಟ್ಟ ಹುಳು ಅದನ್ನು ಕೊರೆದು ತಿನ್ನುತ್ತವೆ, ಆ ಹುಳುವನ್ನು ಡ್ರ್ಯಾಗನ್ ತಿನ್ನುತ್ತದೆ. ಊಟ ಮಧ್ಯಾಹ್ನ ಎರಡರೊಳಗೆ ಮುಗಿಯಲಿ. ಹೊಟ್ಟೆ ತುಂಬಿ ತಣ್ಣನೆ ರಾತ್ರಿಗೆ ಹೋದರೆ ಸೊಪ್ಪು ಅರಗದೆ ಒಳಗೇ ಕೊಳೆಯುತ್ತದೆ.

ಬೆಳಗಾವಿಯವರು ಇದನ್ನು ಹೀಗೆಯೇ ನಕಲು ಮಾಡಬಾರದು. ಅಲ್ಲಿ ಜುಲೈ–ಆಗಸ್ಟ್ ಪೂರ್ತಿ ತಂಪು, ತೇವ. ಬಿಸಿ ತುದಿಗೆ 100 ವ್ಯಾಟ್, ಮುಚ್ಚಳ ಪ್ಲೈ, ಗಾಳಿ ಆಡಿ ಒಳಗೆ ಒಣಗಲು ಎರಡೂ ಕಿಂಡಿ ತೆರೆದು. ಪ್ಯಾಡಿನ ಕೆಲಸ ಏಪ್ರಿಲ್‌ನಲ್ಲಿ ಕೆಲವೇ ದಿನ. ಬಾಗಲಕೋಟೆಗೆ ವಿಜಯಪುರದ ಲೆಕ್ಕವೇ ನಡೆಯುತ್ತದೆ.

ಎಲ್ಲ ಅಂಕಿ ಸರಿ ಇದ್ದರೂ ಕೊನೆಗೆ ಪ್ರಾಣಿಯನ್ನು ನೋಡಬೇಕು. ಕಲ್ಲಿನ ಮೇಲೆ ಬಾಯಿ ತೆರೆದು ಕೂತಿದೆಯೆಂದರೆ ಹೆಚ್ಚಾದ ಬಿಸಿ ಬಿಡುತ್ತಿದೆ, ಅದು ಸಹಜ. ಅದೇ ಬಾಯಿ ತಂಪು ತುದಿಯಲ್ಲಿ ತೆರೆದಿದ್ದರೆ ಹೋಗಲು ಇನ್ನು ಜಾಗವಿಲ್ಲ ಎಂದು, ಕೂಡಲೇ ಬಲ್ಬ್ ಆರಿಸಿ. ದಿನವಿಡೀ ಕಲ್ಲು ಬಿಡದಿದ್ದರೆ ಬಿಸಿ ಸಾಲದು. ಕಲ್ಲನ್ನೇ ಹತ್ತದಿದ್ದರೆ ಜಾಸ್ತಿಯಾಗಿದೆ. ಬೆಳಗ್ಗೆ ಬೆನ್ನು ಕಪ್ಪಾಗುವುದು ಬೇಗ ಬಿಸಿ ಹೀರಲು, ಒಂದು ಗಂಟೆಯಲ್ಲಿ ತಿಳಿಯಾಗಬೇಕು. ಹಿಕ್ಕೆಯಲ್ಲಿ ಸೊಪ್ಪು ಸೊಪ್ಪಾಗಿಯೇ ಕಂಡರೆ ಗನ್ ಹಿಡಿದು ಕಲ್ಲಿನ ಬಿಸಿ ನೋಡಿ. ಝಳ ಹೊಡೆದು ಮೈ ಸಡಿಲಾಗಿ ಬಿದ್ದಿದ್ದರೆ ಐಸ್ ನೀರು ಹಾಕಬೇಡಿ, ರಕ್ತನಾಳ ಬಿಗಿದು ಒಳಗಿನ ಬಿಸಿ ಒಳಗೇ ಉಳಿಯುತ್ತದೆ. ಕೋಣೆಯ ನೀರಿನಲ್ಲಿ, ಹೊಟ್ಟೆ ಮುಳುಗುವಷ್ಟರಲ್ಲಿ, ತಲೆ ಎತ್ತಿ ಹಿಡಿದು ಹತ್ತು ನಿಮಿಷ ಇಟ್ಟು, ಅಲ್ಲಿಂದ ನೇರ ಪಶುವೈದ್ಯರಲ್ಲಿಗೆ.